ಕಾಳೀಜದಿಂದ ಕಾಳಜಿಗೆ: ಬೀದರ್ ಸೀಮೆಯಲ್ಲಿ ಒಂದು ಅಂಗವಾಚಕದ ಚರಿತ್ರೆ

1. ಪ್ರಸ್ತಾವನೆ

ಬೀದರ್ ಜಿಲ್ಲೆಯಲ್ಲಿ ಹೆತ್ತವರು ಮಗುವನ್ನು ಮುದ್ದಿಸುವಾಗ ಅದನ್ನು ತಮ್ಮ ಒಡಲಿನ ಒಂದು ಭಾಗವೆಂದೇ ಕರೆಯುವುದುಂಟು. ಕನ್ನಡ ಮಾತಾಡುವ ತಾಯಿಗೆ ಮಗು ‘ಕರುಳಿನ ಕುಡಿ’. ಮರಾಠಿ ಮಾತಾಡುವ ತಾಯಿಗೆ ‘ಕಾಳಜಾಚಾ ತುಕಡಾ’. ದಖನಿ ಉರ್ದು ಮಾತಾಡುವ ತಾಯಿಗೆ ‘ಜಿಗರ್ ಕಾ ಟುಕಡಾ’. ಮೂರು ಮಾತುಗಳ ಭಾವ ಒಂದೇ. ಆದರೆ ಅವು ಹೆಸರಿಸುವ ಅಂಗಗಳು ಬೇರೆ ಬೇರೆ. ಕರುಳು ಜೀರ್ಣನಾಳದ ಭಾಗ; ಜಿಗರ್ ಎಂದರೆ ಯಕೃತ್ತು; ಕಾಳೀಜ ಎಂದರೆ ಇಂದಿನ ಮರಾಠಿಯಲ್ಲಿ ಹೃದಯ, ಅದರ ಮೂಲದಲ್ಲಿ ಯಕೃತ್ತು.

ಬೀದರ್ ನಗರ, ಭಾಲ್ಕಿ ಮತ್ತು ಔರಾದ್ ಪರಿಸರದಲ್ಲಿ ಈ ಮೂರೂ ಭಾಷೆಗಳು ಒಂದೇ ಸಂತೆಯಲ್ಲಿ, ಒಂದೇ ಬಸ್ಸಿನಲ್ಲಿ, ಒಂದೇ ಆಸ್ಪತ್ರೆಯ ಸಾಲಿನಲ್ಲಿ ಕೇಳಿಬರುತ್ತವೆ. ಹೀಗಾಗಿ ಯಕೃತ್ತನ್ನು ಹೆಸರಿಸುವ ಪದಗಳ ಚರಿತ್ರೆಯನ್ನು ಅರಿಯಲು ಇದಕ್ಕಿಂತ ತಕ್ಕ ನೆಲ ವಿರಳ. ಯಕೃತ್, ಜಿಗರ್, ಕಾಳೀಜ, ಕಾಳಜಿ, ಪಿತ್ತಜನಕಾಂಗ ಎಂಬ ಐದು ಪದಗಳು ಈ ಸೀಮೆಗೆ ಯಾವ ದಾರಿಯಿಂದ ಬಂದವು, ಬರುವಾಗ ಏನನ್ನು ಹೊತ್ತು ತಂದವು, ಏನನ್ನು ಬಿಟ್ಟು ಬಂದವು ಎಂಬುದನ್ನು ನಾವು ಪ್ರಸ್ತುತ ಲೇಖನದಲ್ಲಿ ಪರಿಶೀಲಿಸುತ್ತೇವೆ. ನಮ್ಮ ಮುಖ್ಯ ಪ್ರತಿಪಾದನೆ ಇಷ್ಟು: ಕನ್ನಡವು ಈ ಅಂಗದ ಭಾವವನ್ನು ಒಂದು ಕಡೆಯಿಂದ ಪಡೆಯಿತು, ಅಂಗದ ಹೆಸರನ್ನು ಇನ್ನೊಂದು ಕಡೆಯಿಂದ ಪಡೆಯಿತು, ಇವೆರಡೂ ಇಂದಿಗೂ ಒಂದಾಗಿಲ್ಲ. ಈ ಅಗಲಿಕೆಯ ಪರಿಣಾಮ ನಿಘಂಟಿನ ಪುಟಗಳಿಗೆ ಸೀಮಿತವಾಗಿಲ್ಲ. ರೋಗಿ ಮತ್ತು ವೈದ್ಯರ ಮಾತುಕತೆಯನ್ನೂ ಅದು ಮುಟ್ಟುತ್ತದೆ.

2. ಅಗಲಿದ ಸೋದರರು: ಯಕೃತ್ ಮತ್ತು ಜಿಗರ್

‘ಯಕೃತ್’ ವೇದಕಾಲದ ಪದ. ಋಗ್ವೇದದ ಹತ್ತನೆಯ ಮಂಡಲದಲ್ಲಿ ರೋಗವನ್ನು ದೇಹದ ಒಂದೊಂದು ಅಂಗದಿಂದಲೂ ಕಿತ್ತು ಹಾಕುವ ಸೂಕ್ತವೊಂದಿದೆ (10.163), ಅಲ್ಲಿ ಕರುಳು, ಹೃದಯಗಳ ಜೊತೆಗೆ ಯಕೃತ್ತಿನ ಹೆಸರೂ ಬರುತ್ತದೆ. ಈ ಪದದ ರೂಪಾವಳಿ ವಿಶಿಷ್ಟವಾದುದು. ಪ್ರಥಮೆಯಲ್ಲಿ ‘ಯಕೃತ್’ ಎಂದಿರುವುದು ಷಷ್ಠಿಯಲ್ಲಿ ‘ಯಕ್ನಃ’ ಎಂದಾಗುತ್ತದೆ. ಅಂದರೆ ಒಂದೇ ಪದದಲ್ಲಿ ರಕಾರ ಮತ್ತು ನಕಾರಗಳು ಸರದಿಯಲ್ಲಿ ಬರುತ್ತವೆ. ಲ್ಯಾಟಿನ್ ಭಾಷೆಯ ‘ಇಯೆಕುರ್’ ಎಂಬ ಪದವೂ ಷಷ್ಠಿಯಲ್ಲಿ ‘ಇಯೆಕಿನೊರಿಸ್’ ಎಂದಾಗಿ ಇದೇ ಗುರುತನ್ನು ಉಳಿಸಿಕೊಂಡಿದೆ. ಗ್ರೀಕಿನ ‘ಹೇಪಾರ್’ ಕೂಡ ಇದೇ ಕುಲದ್ದು. ಇಷ್ಟು ಪುರಾತನವಾದ ರೂಪಭೇದವನ್ನು ಇಷ್ಟು ಭಾಷೆಗಳಲ್ಲಿ ಕಾಪಾಡಿಕೊಂಡ ಅಂಗವಾಚಕಗಳು ಕೆಲವೇ.

ಫಾರಸಿಯ ‘ಜಿಗರ್’ ಇದೇ ಪದದ ಇರಾನಿ ರೂಪ. ಅವೆಸ್ತಾ ಭಾಷೆಯ ‘ಯಾಕರ್’ ಮಧ್ಯಕಾಲೀನ ಫಾರಸಿಯಲ್ಲಿ ‘ಜಗರ್’ ಆಗಿ, ಮುಂದೆ ‘ಜಿಗರ್’ ಆಯಿತು. ಪದಾದಿಯ ಯಕಾರ ಫಾರಸಿಯಲ್ಲಿ ಜಕಾರವಾಗುವುದು ನಿಯತವಾದ ಬದಲಾವಣೆ: ಸಂಸ್ಕೃತದ ‘ಯವ’ಕ್ಕೆ ಫಾರಸಿಯಲ್ಲಿ ‘ಜೌ’, ‘ಯುವನ್’ ಎಂಬುದಕ್ಕೆ ‘ಜವಾನ್’. ನಮ್ಮ ಕಚೇರಿಗಳ ‘ಜವಾನ’ನೂ ಸಂಸ್ಕೃತದ ‘ಯುವ’ನೂ ಹೇಗೆ ಬಂಧುಗಳೋ, ಬೀದರಿನ ಓಣಿಗಳಲ್ಲಿ ಕೇಳುವ ‘ಜಿಗರ್’ ಮತ್ತು ಆಯುರ್ವೇದ ಗ್ರಂಥಗಳ ‘ಯಕೃತ್’ ಹಾಗೆಯೇ ಬಂಧುಗಳು.

ಜಿಗರ್ ಈ ಸೀಮೆಗೆ ಬಂದದ್ದು ಆಳ್ವಿಕೆಯ ಭಾಷೆಯ ಜೊತೆಗೆ. 1420ರ ದಶಕದಲ್ಲಿ ಬಹಮನಿ ಸುಲ್ತಾನ ಅಹಮದ್ ಶಾಹನು ರಾಜಧಾನಿಯನ್ನು ಕಲಬುರಗಿಯಿಂದ ಬೀದರಿಗೆ ತಂದನು. 1472ರಲ್ಲಿ ಮಹಮೂದ್ ಗವಾನನ ಮದರಸಾ ಪೂರ್ಣಗೊಂಡಿತು. ಫಾರಸಿ ಆಗ ಆಡಳಿತದ ಮತ್ತು ವಿದ್ವತ್ತಿನ ಭಾಷೆ. ಬರೀದ್ ಶಾಹಿ, ಬಿಜಾಪುರ, ಮೊಗಲ್ ಮತ್ತು ಆಸಫ್ ಜಾಹಿ ಆಳ್ವಿಕೆಗಳನ್ನು ದಾಟಿ ಬಂದ ಈ ಪರಂಪರೆಯಲ್ಲಿ ಜಿಗರ್ ಪದಕ್ಕೆ ಎರಡು ಬದುಕುಗಳು ದೊರೆತವು. ಒಂದು ಕಾವ್ಯದ ಮತ್ತು ಆಡುಮಾತಿನ ಬದುಕು: ಧೈರ್ಯ, ಅಕ್ಕರೆ, ಆಪ್ತತೆ. ಉತ್ತರ ಕರ್ನಾಟಕದ ಕನ್ನಡಿಗರು ಇಂದಿಗೂ ಸಲೀಸಾಗಿ ಹೇಳುವ ‘ಜಿಗರಿ ದೋಸ್ತ’ ಇದರ ಫಲ. ಇನ್ನೊಂದು ಯುನಾನಿ ವೈದ್ಯದ ಬದುಕು. ಗ್ಯಾಲೆನ್ ಮತ್ತು ಇಬ್ನ್ ಸೀನಾರ ಪರಂಪರೆಯನ್ನು ಅನುಸರಿಸುವ ಈ ವೈದ್ಯದಲ್ಲಿ ಯಕೃತ್ತು ದೇಹದ ಪ್ರಧಾನ ಅಂಗಗಳಲ್ಲಿ ಒಂದು. ಉಂಡ ಅನ್ನದ ಸಾರ ರಕ್ತವಾಗುವುದು ಅಲ್ಲಿಯೇ.

ಆಯುರ್ವೇದದ ತಿಳಿವಳಿಕೆಯೂ ಇದಕ್ಕೆ ಸಮೀಪದ್ದು. ಚರಕಸಂಹಿತೆ ರಕ್ತವಹ ಸ್ರೋತಸ್ಸುಗಳಿಗೆ ಯಕೃತ್ತು ಮತ್ತು ಪ್ಲೀಹಗಳನ್ನು ಮೂಲವೆನ್ನುತ್ತದೆ. ಸುಶ್ರುತಸಂಹಿತೆ ಗರ್ಭದ ಯಕೃತ್ಪ್ಲೀಹಗಳು ರಕ್ತದಿಂದಲೇ ಹುಟ್ಟುತ್ತವೆಯೆನ್ನುತ್ತದೆ. ರಕ್ತಕ್ಕೆ ಬಣ್ಣ ಕೊಡುವ ರಂಜಕಪಿತ್ತದ ನೆಲೆಯೂ ಅಲ್ಲಿಯೇ. ಎರಡೂ ಹಳೆಯ ವೈದ್ಯಗಳಲ್ಲಿ ಯಕೃತ್ತು ಎಂದೊಡನೆ ಮೊದಲು ನೆನಪಾಗುತ್ತಿದ್ದುದು ರಕ್ತ. ರಕ್ತವೆಂದರೆ ಜೀವ, ಕಾವು, ಸಂಬಂಧ. ಮಗುವನ್ನು ಯಕೃತ್ತಿನ ತುಂಡೆಂದು ಕರೆಯುವ ಮಾತು ಇಂದು ವಿಚಿತ್ರವೆನಿಸಬಹುದು. ಆ ತಿಳಿವಳಿಕೆಯ ಕಾಲದಲ್ಲಿ ಅದು ಸಹಜವಾದ ಮಾತು.

3. ಕಾಲೇಯದ ಕವಲುಗಳು

ಸಂಸ್ಕೃತದಲ್ಲಿ ಯಕೃತ್ತಿಗೆ ಬೇರೆ ಹೆಸರುಗಳೂ ಇದ್ದವು. ಅಮರಕೋಶವು ‘ಕಾಲಖಂಡ’ವನ್ನು ಯಕೃತ್ತಿನ ಪರ್ಯಾಯವಾಗಿ ಕೊಡುತ್ತದೆ. ಕಾಲಖಂಡವೆಂದರೆ ಕಪ್ಪು ತುಂಡು. ಅಂಗದ ಕಡುವರ್ಣವನ್ನು ಕಂಡವರು ಇಟ್ಟ ಹೆಸರು. ಇದಕ್ಕೆ ಹತ್ತಿರದ ‘ಕಾಲೇಯ’ ಎಂಬ ಪದ ಜನಭಾಷೆಗಳಲ್ಲಿ ಹೆಚ್ಚು ದೂರ ನಡೆಯಿತು. ಹಿಂದಿ ಮತ್ತು ಉರ್ದುವಿನ ‘ಕಲೇಜಾ’, ಮರಾಠಿಯ ‘ಕಾಳೀಜ’ ಈ ಕುಲದ ರೂಪಗಳು. ತೆಲುಗು ಸಂಸ್ಕೃತ ರೂಪವನ್ನೇ ಉಳಿಸಿಕೊಂಡು ‘ಕಾಲೇಯಂ’ ಎನ್ನುತ್ತದೆ.

ಈ ರೂಪಗಳ ಅರ್ಥಗಳು ಮಾತ್ರ ಒಂದೇ ಕಡೆ ನಿಲ್ಲಲಿಲ್ಲ. ತೆಲುಗಿನ ಕಾಲೇಯಂ ಇಂದಿನ ಶಾಲಾಪಠ್ಯದ ಶುದ್ಧ ಅಂಗವಾಚಕ. ಅದಕ್ಕೆ ಯಕೃತ್ತೆಂದೇ ಅರ್ಥ. ಹಿಂದಿಯ ಕಲೇಜಾ ಎರಡು ದೋಣಿಗಳಲ್ಲಿ ಕಾಲಿಟ್ಟಿದೆ: ಅಂಗವಾಗಿ ಯಕೃತ್ತು, ಭಾವವಾಗಿ ಎದೆ ಮತ್ತು ಧೈರ್ಯ. ಮರಾಠಿಯ ಕಾಳೀಜ ಇನ್ನೂ ಮುಂದೆ ಹೋಗಿ ಹೃದಯದ ಸ್ಥಾನವನ್ನೇ ಹಿಡಿದಿದೆ. ಭಯವಾದಾಗ ‘ಕಾಳಜಾಚಾ ಠೋಕಾ ಚುಕಲಾ’ ಎನ್ನುತ್ತಾರೆ, ಎಂದರೆ ಕಾಳೀಜದ ಬಡಿತ ತಪ್ಪಿತು ಎಂದು. ಯಕೃತ್ತು ಬಡಿಯುವುದಿಲ್ಲ, ಬಡಿಯುವುದು ಹೃದಯ. ಈ ನುಡಿಗಟ್ಟು ಹುಟ್ಟುವ ಹೊತ್ತಿಗೆ ಪದವು ಒಂದು ಅಂಗದಿಂದ ಇನ್ನೊಂದಕ್ಕೆ ಸಂಪೂರ್ಣವಾಗಿ ದಾಟಿತ್ತೆಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಆಧಾರ ಬೇಕಿಲ್ಲ. ಅಂಗವಾಗಿ ಯಕೃತ್ತನ್ನು ಹೇಳಬೇಕಾದಾಗ ಇಂದಿನ ಮರಾಠಿ ಸಂಸ್ಕೃತದ ‘ಯಕೃತ’ವನ್ನೇ ಬಳಸುತ್ತದೆ.

ಹಳೆಯ ಅರ್ಥ ಎಲ್ಲಿಯೂ ಉಳಿಯಲಿಲ್ಲವೆಂದಲ್ಲ. ಅದು ಮಾಂಸದಂಗಡಿಯಲ್ಲಿ ಉಳಿಯಿತು. ಬೀದರಿನ ಮಾಂಸದಂಗಡಿಯಲ್ಲಿ ‘ಕಲೇಜಿ’ ಎಂದು ಕೇಳಿದರೆ ಕೊಡುವುದು ಯಕೃತ್ತನ್ನೇ. ಹೃದಯಕ್ಕೆ ‘ದಿಲ್’, ಮೂತ್ರಪಿಂಡಕ್ಕೆ ‘ಗುರ್ದಾ’. ತೆಲಂಗಾಣದ ಕಡೆ ಇದೇ ಅಂಗಕ್ಕೆ ‘ಕಾರ್ಜಂ’ ಎನ್ನುತ್ತಾರೆ. ಕರ್ನಾಟಕದ ದಕ್ಷಿಣದ ಜಿಲ್ಲೆಗಳಲ್ಲಿ ‘ಈಲಿ’ ಎಂಬ ಮಾತಿದೆ. ಕಟುಕನ ಕತ್ತಿ ಅಂಗ ಅಂಗಗಳನ್ನು ಬೇರ್ಪಡಿಸುತ್ತದೆ. ಆ ವೃತ್ತಿಯಲ್ಲಿ ಹೆಸರು ಅದಲು ಬದಲಾದರೆ ವ್ಯಾಪಾರವೇ ನಡೆಯದು. ಒಂದೇ ಪದಕುಲ ಭಾವದ ಭಾಷೆಯಲ್ಲಿ ಜಾರಿ, ವೃತ್ತಿಯ ಭಾಷೆಯಲ್ಲಿ ಗಟ್ಟಿಯಾಗಿ ನಿಂತದ್ದಕ್ಕೆ ಇದೇ ಕಾರಣವೆಂದು ನಾವು ತಿಳಿಯುತ್ತೇವೆ.

ಇಂಥ ಜಾರುವಿಕೆ ಇಂಡೋ-ಆರ್ಯ ಭಾಷೆಗಳಿಗೆ ಮೀಸಲಲ್ಲ. ಕನ್ನಡದ ‘ಕರುಳು’ ಮತ್ತು ಮಲಯಾಳದ ‘ಕರಳ್’ ಒಂದೇ ದ್ರಾವಿಡ ಧಾತುವಿನವು. ಕನ್ನಡದಲ್ಲಿ ಅದು ಜೀರ್ಣನಾಳದ ಅಂಗ, ಮಲಯಾಳದಲ್ಲಿ ಯಕೃತ್ತು. ತುಳುವಿನ ‘ಕರ್ಲ್’ ಎರಡರ ನಡುವೆ ನಿಂತಿದೆ. ಅಂಗ ಬದಲಾದರೂ ಅಕ್ಕರೆಯ ಅರ್ಥ ಮೂರರಲ್ಲಿಯೂ ಅಳಿದಿಲ್ಲ. ಕಾಳೀಜದಲ್ಲಿ ಕಂಡದ್ದೇ ಇಲ್ಲಿಯೂ ಕಾಣುತ್ತದೆ: ಒಡಲಿನ ಒಳಗಿನ, ಕಣ್ಣಿಗೆ ಕಾಣದ ಅಂಗಗಳ ಹೆಸರುಗಳಲ್ಲಿ ಭಾವಾರ್ಥ ಸ್ಥಿರವಾಗಿದ್ದು, ಅಂಗಾರ್ಥವೇ ಚಲಿಸಬಹುದು.

4. ಕಾಳಜಿ: ಅಂಗವನ್ನು ಬಿಟ್ಟು ಬಂದ ಪದ

ಇಂದಿನ ಕನ್ನಡದಲ್ಲಿ ‘ಕಾಳಜಿ’ ಅತ್ಯಂತ ರೂಢಿಯ ಪದ. ಇದು ಮರಾಠಿಯ ‘ಕಾಳಜೀ’ ಎಂಬುದರಿಂದ ಬಂದಿದೆ. ಮರಾಠಿಯಲ್ಲಿ ‘ಕಾಳೀಜ’ ಪದಕ್ಕೆ ವಿಭಕ್ತಿ ಹತ್ತುವಾಗ ನಡುವಣ ಈಕಾರ ಬಿದ್ದು ‘ಕಾಳಜ-’ ಎಂಬ ಪ್ರಕೃತಿ ಉಳಿಯುತ್ತದೆ. ‘ಕಾಳಜಾಚಾ’ ಎಂಬ ಷಷ್ಠಿಯಲ್ಲಿ ಅದನ್ನು ಕಂಡೆವು. ಈ ಪ್ರಕೃತಿಗೆ ಸ್ತ್ರೀಲಿಂಗದ ಈಕಾರ ಸೇರಿ ‘ಕಾಳಜೀ’ ಎಂಬ ಭಾವನಾಮವಾಗಿದೆ. ಕಾಳೀಜಕ್ಕೆ ಹತ್ತಿದ್ದು, ಅಂದರೆ ಮನಸ್ಸನ್ನು ಕೊರೆಯುವ ಚಿಂತೆ. ಅಲ್ಲಿಂದ ಇನ್ನೊಬ್ಬರ ಬಗೆಗಿನ ಆಸ್ಥೆ.

ಕನ್ನಡಕ್ಕೆ ಈ ಪದವು ದಖನಿಯ ‘ಕಲೇಜಾ’ ಮೂಲಕ ಬರದೆ ಮರಾಠಿಯಿಂದಲೇ ಬಂದಿತೆಂಬುದಕ್ಕೆ ಧ್ವನಿಯ ಆಧಾರವಿದೆ. ಸ್ವರಮಧ್ಯದ ಲಕಾರ ಮರಾಠಿಯಲ್ಲಿ ಳಕಾರವಾಗುತ್ತದೆ. ಹಿಂದಿ-ಉರ್ದುವಿನಲ್ಲಿ ಲಕಾರವಾಗಿಯೇ ಇರುತ್ತದೆ. ಮೊದಲ ಅಕ್ಷರದ ದೀರ್ಘವೂ ಮರಾಠಿಯಲ್ಲಿ ಉಳಿದಿದೆ, ಕಲೇಜಾದಲ್ಲಿ ಹ್ರಸ್ವವಾಗಿದೆ. ಕನ್ನಡದ ಕಾಳಜಿ ಈ ಎರಡು ಲಕ್ಷಣಗಳಲ್ಲಿಯೂ ಮರಾಠಿಯ ಜೊತೆಗಿದೆ. ಇದಕ್ಕೆ ಅರ್ಥದ ಆಧಾರವೂ ಸೇರುತ್ತದೆ. ಉತ್ತರ ಕರ್ನಾಟಕದ ಆಡುಮಾತಿನಲ್ಲಿ ‘ಕಾಳಜಿ ಮಾಡಬ್ಯಾಡ್ರಿ’ ಎಂದರೆ ಚಿಂತಿಸಬೇಡಿ ಎಂದರ್ಥ. ‘ಕಾಳಜಿ ತಗೋರಿ’ ಎಂದರೆ ಜೋಪಾನವಾಗಿರಿ ಎಂದರ್ಥ. ಮರಾಠಿಯ ಕಾಳಜೀಗೂ ಇವೇ ಎರಡು ಮುಖಗಳು. ಪದವು ದಕ್ಷಿಣಕ್ಕೆ ಸಾಗಿ ಶಿಷ್ಟ ಕನ್ನಡದಲ್ಲಿ ನೆಲೆಸಿದಾಗ ಚಿಂತೆಯ ಮುಖ ಮಸುಕಾಗಿ ಆಸ್ಥೆಯ ಮುಖವೇ ಮುಂದಾಯಿತು. ಈಗ ನೆರೆ ಬಂದಾಗ ಸರಕಾರ ತೆರೆಯುವ ಆಸರೆಯ ತಾಣಕ್ಕೂ ‘ಕಾಳಜಿ ಕೇಂದ್ರ’ವೆಂದೇ ಹೆಸರು.

ಹೀಗೆ ಕಪ್ಪು ತುಂಡೆಂಬ ಹೆಸರಿನ ನಂಟುಳ್ಳ ಪದವೊಂದು ಮರಾಠಿಯಲ್ಲಿ ಹೃದಯವಾಗಿ, ಹೃದಯದಿಂದ ಚಿಂತೆಯಾಗಿ, ಕನ್ನಡದಲ್ಲಿ ಆಸ್ಥೆಯಾಗಿ ನಿಂತಿದೆ. ಕಾಳಜಿ ಎನ್ನುವ ಕನ್ನಡಿಗನಿಗೆ ಅದರಲ್ಲಿ ಅಂಗದ ನೆರಳೂ ಕಾಣುವುದಿಲ್ಲ. ಔರಾದ್ ಮತ್ತು ಭಾಲ್ಕಿ ತಾಲ್ಲೂಕುಗಳ ದ್ವಿಭಾಷಿಕನ ಸ್ಥಿತಿ ಬೇರೆ. ಅವನಿಗೆ ಮನೆಯ ಮರಾಠಿಯಲ್ಲಿ ಕಾಳೀಜ, ಪೇಟೆಯ ಕನ್ನಡದಲ್ಲಿ ಕಾಳಜಿ ಎರಡೂ ಗೊತ್ತು. ಎರವಲಿನ ಬೇರು ಅವನ ನಾಲಗೆಯ ಮೇಲೆ ಇನ್ನೂ ಹಸಿಯಾಗಿದೆ.

5. ಗಡಿ ಮತ್ತು ಪಠ್ಯ: 1956

ಅಂಗದ ಹೆಸರು ಕನ್ನಡಕ್ಕೆ ಬಂದ ದಾರಿ ಬೇರೆ. ಅದು ಶಾಲೆಯ ದಾರಿ. ಹೈದರಾಬಾದ್ ಸಂಸ್ಥಾನದಲ್ಲಿ 19ನೆಯ ಶತಮಾನದ ಕೊನೆಯ ದಶಕಗಳಲ್ಲಿ ಫಾರಸಿಯ ಸ್ಥಾನಕ್ಕೆ ಉರ್ದು ಬಂದಿತು. 1917ರಲ್ಲಿ ಅನುವಾದ ವಿಭಾಗವೊಂದು ಸ್ಥಾಪನೆಯಾಯಿತು. 1918ರಲ್ಲಿ ಉರ್ದು ಮಾಧ್ಯಮದ ಉಸ್ಮಾನಿಯಾ ವಿಶ್ವವಿದ್ಯಾಲಯ ಹುಟ್ಟಿತು. ಆಧುನಿಕ ವಿಜ್ಞಾನದ, ವೈದ್ಯದ ಪಠ್ಯಗಳು ಉರ್ದುವಿಗೆ ಬಂದವು. ಆ ಪಠ್ಯಭಾಷೆಯಲ್ಲಿ ಈ ಅಂಗ ಜಿಗರ್ ಆಗಿಯೇ ಉಳಿಯಿತು. ಓಣಿಯ ಮಾತಿಗೂ ಪುಸ್ತಕದ ಮಾತಿಗೂ ಅಂತರವಿರಲಿಲ್ಲ. ಕನ್ನಡದ ಸ್ಥಿತಿ ಹಾಗಿರಲಿಲ್ಲ. ಭಾಲ್ಕಿ ಹಿರೇಮಠದ ಚನ್ನಬಸವ ಪಟ್ಟದ್ದೇವರು ಹೊರಗೆ ಉರ್ದು ಫಲಕ ತೂಗುಹಾಕಿ ಒಳಗೆ ಕನ್ನಡ ಕಲಿಸಿದರೆಂಬುದು ಈ ಸೀಮೆಯಲ್ಲಿ ಜನಜನಿತವಾದ ಸಂಗತಿ. ಅಕ್ಷರವನ್ನೇ ಹೀಗೆ ಕಾಪಾಡಬೇಕಿದ್ದ ಕಾಲದಲ್ಲಿ ಅಂಗರಚನೆಯ ಪರಿಭಾಷೆ ಇಲ್ಲಿನ ಕನ್ನಡದಲ್ಲಿ ಬೆಳೆಯುವ ಅವಕಾಶವೇ ಇರಲಿಲ್ಲ.

1948ರಲ್ಲಿ ಸಂಸ್ಥಾನ ಭಾರತದಲ್ಲಿ ವಿಲೀನವಾಯಿತು. 1956ರ ನವೆಂಬರ್ 1ರಂದು ಹಳೆಯ ಬೀದರ್ ಜಿಲ್ಲೆ ಮೂರು ರಾಜ್ಯಗಳಿಗೆ ಹಂಚಿಹೋಯಿತು. ಬೀದರ್, ಭಾಲ್ಕಿ, ಔರಾದ್, ಹುಮನಾಬಾದ್ ಮುಂತಾದವು ಮೈಸೂರಿಗೆ. ಉದಗೀರ್, ನಿಲಂಗಾ, ಅಹಮದಪುರ ಮುಂಬಯಿ ರಾಜ್ಯಕ್ಕೆ. ಜಹೀರಾಬಾದ್, ನಾರಾಯಣಖೇಡ್ ಭಾಗಗಳು ಆಂಧ್ರಪ್ರದೇಶಕ್ಕೆ ಸೇರಿದವು. ಈ ವಿಭಜನೆಯನ್ನು ನಮ್ಮ ಅಂಗವಾಚಕದ ಮೂಲಕವೂ ಓದಬಹುದು. ಒಂದೇ ಜಿಲ್ಲೆಯಾಗಿದ್ದ ನೆಲದಲ್ಲಿ ಉದಗೀರಿನ ಮರಾಠಿ ಶಾಲೆಯ ಮಗು ‘ಯಕೃತ’ ಎಂದು ಕಲಿತಿತು. ಜಹೀರಾಬಾದಿನ ತೆಲುಗು ಶಾಲೆಯ ಮಗು ‘ಕಾಲೇಯಂ’ ಎಂದಿತು. ಬೀದರಿನ ಕನ್ನಡ ಶಾಲೆಯ ಮಗು ‘ಪಿತ್ತಜನಕಾಂಗ’ ಎಂದಿತು. ಅದೇ ಬೀದರಿನ ಉರ್ದು ಶಾಲೆಯ ಮಗು ‘ಜಿಗರ್’ ಎಂಬುದನ್ನೇ ಮುಂದುವರಿಸಿತು. ಈ ನಾಲ್ಕು ಪದಗಳಲ್ಲಿ ಮೂರು ನೂರಾರು ವರ್ಷಗಳಿಂದ ಆ ಅಂಗಕ್ಕೆ ಅಂಟಿಕೊಂಡ ಹೆಸರುಗಳು. ಪಿತ್ತಜನಕಾಂಗ ಒಂದೇ ಹೊಸದಾಗಿ ಕಟ್ಟಿದ ಹೆಸರು.

6. ಪಿತ್ತಜನಕಾಂಗದ ತೊಡಕು

‘ಪಿತ್ತಜನಕಾಂಗ’ ರಚನೆಯಲ್ಲಿ ಪಾರದರ್ಶಕ: ಪಿತ್ತವನ್ನು ಹುಟ್ಟಿಸುವ ಅಂಗ. ಅಂಗದ ಬಣ್ಣವನ್ನಾಗಲಿ ಸ್ಥಾನವನ್ನಾಗಲಿ ಅದು ಹೇಳುವುದಿಲ್ಲ, ಕೆಲಸವನ್ನು ಹೇಳುತ್ತದೆ. ಆದರೆ ಹೇಳುವುದು ಒಂದೇ ಕೆಲಸವನ್ನು. ಇದರ ಹಿಂದಿರುವ ತಿಳಿವಳಿಕೆ ಯುರೋಪಿನದು. 1628ರಲ್ಲಿ ಹಾರ್ವೆ ರಕ್ತಪರಿಚಲನೆಯನ್ನು ನಿರೂಪಿಸಿದ ಮೇಲೆ ಯಕೃತ್ತಿನ ಹಳೆಯ ರಕ್ತಪದವಿ ಅಲುಗಾಡಿತು. 1653ರಲ್ಲಿ ಡೆನ್ಮಾರ್ಕಿನ ಬಾರ್ತೊಲಿನ್ ಯಕೃತ್ತಿನ ಪ್ರಭುತ್ವ ಮುಗಿಯಿತೆಂದು ಸಾರಿ ಅದಕ್ಕೊಂದು ಚರಮಲೇಖವನ್ನೇ ಬರೆದನು. ಇನ್ನು ಅದಕ್ಕೆ ಉಳಿದದ್ದು ಪಿತ್ತದ ಕೆಲಸ ಮಾತ್ರವೆಂಬುದು ಅವನ ಅಭಿಪ್ರಾಯ. ಎರಡು ಶತಮಾನಗಳ ತರುವಾಯ ಕ್ಲಾಡ್ ಬರ್ನಾರ್ಡ್ ಯಕೃತ್ತು ಸಕ್ಕರೆಯನ್ನು ಗ್ಲೈಕೋಜೆನ್ ರೂಪದಲ್ಲಿ ಕೂಡಿಡುವುದನ್ನು ತೋರಿಸಿದನು. ರಕ್ತ ಹೆಪ್ಪುಗಟ್ಟಲು ಬೇಕಾದ ಪ್ರೋಟೀನುಗಳ ತಯಾರಿಕೆ, ಮದ್ಯ ಮತ್ತು ಔಷಧಗಳ ಸಂಸ್ಕರಣೆ ಇವೂ ಅದರವೇ ಎಂದು ಇಂದು ಬಲ್ಲೆವು. ಬಾರ್ತೊಲಿನನ ತೀರ್ಪನ್ನು ವಿಜ್ಞಾನ ಬಿಟ್ಟುಕೊಟ್ಟಿದೆ. ನಮ್ಮ ಪಠ್ಯದ ಪದ ಅದನ್ನು ಅರಿಯದೆಯೇ ಹಿಡಿದುಕೊಂಡಿದೆ.

ಇನ್ನೊಂದು ತೊಡಕು ‘ಪಿತ್ತ’ದಲ್ಲಿಯೇ ಇದೆ. ಜನಬಳಕೆಯಲ್ಲಿ ಪಿತ್ತವೆಂದರೆ ವಾಕರಿಕೆ, ತಲೆಸುತ್ತು, ಬಾಯಿ ಕಹಿ. ಸಿಟ್ಟಿಗೂ ಅದರ ನಂಟು. ಪಿತ್ತವನ್ನು ಹುಟ್ಟಿಸುವ ಅಂಗವೆಂದಾಗ ಕೇಳುಗನಿಗೆ ಅದು ತೊಂದರೆಯನ್ನು ಹುಟ್ಟಿಸುವ ಅಂಗವೆಂದು ತೋರಿದರೆ ಆಶ್ಚರ್ಯವಿಲ್ಲ. ಜೊತೆಗೆ ‘ಪಿತ್ತಕೋಶ’ ಎಂಬ ಪದ ಪಠ್ಯದಲ್ಲಿ ಪಿತ್ತ ಕೂಡಿಡುವ ಚೀಲಕ್ಕೆ ಸಲ್ಲುತ್ತದೆಯಾದರೂ, ಅದನ್ನು ಯಕೃತ್ತಿಗೇ ಬಳಸುವವರೂ ಇದ್ದಾರೆ. ಚೀಲದಲ್ಲಿ ಕಲ್ಲು ಕಂಡರೆ ಚೀಲವನ್ನೇ ತೆಗೆಯಬಹುದು; ಯಕೃತ್ತನ್ನು ತೆಗೆದು ಬದುಕಲಾಗದು. ಶಸ್ತ್ರಚಿಕಿತ್ಸೆಗೆ ಒಪ್ಪಿಗೆ ಕೇಳುವ ಹಾಳೆಯಲ್ಲಿ ಈ ಎರಡು ಹೆಸರುಗಳು ಬೆರೆತರೆ ರುಜು ಹಾಕುವ ಕುಟುಂಬದ ಪಾಡೇನು?

7. ಹಾಸಿಗೆಯ ಬಳಿಯ ಭಾಷೆ

ಈಗ ಪದಚರಿತ್ರೆಯಿಂದ ಬಳಕೆಗೆ ಬರೋಣ. ಔರಾದ್ ತಾಲ್ಲೂಕಿನ ಮರಾಠಿ ಮಾತಿನ ಹಿರಿಯರೊಬ್ಬರು ಆಸ್ಪತ್ರೆಗೆ ಬಂದು ‘ಕಾಳಜಾತ ದುಖತಂಯ’ ಎಂದರೆಂದು ಭಾವಿಸೋಣ. ಅವರು ಹೇಳುತ್ತಿರುವುದು ಎದೆನೋವನ್ನು. ಎದುರಿಗಿರುವ ವೈದ್ಯರ ಮಾತೃಭಾಷೆ ತೆಲುಗಾಗಿದ್ದರೆ ಅವರ ಕಿವಿಗೆ ಅದು ಕಾಲೇಯಂ, ಅಂದರೆ ಯಕೃತ್ತು. ಹಿಂದಿ ಬಲ್ಲವರಿಗೆ ಕಲೇಜಾ. ಎರಡರಲ್ಲಿ ಯಾವುದೂ ಆದೀತು. ಮೈಸೂರು ಕಡೆಯ ಕನ್ನಡಿಗರಿಗೆ ಕೇಳುವುದು ಕಾಳಜಿ. ಮನಸ್ಸಿನ ಚಿಂತೆಯೆಂದು ತೋರಬಹುದು. ಮೂವರೂ ತಮ್ಮ ತಮ್ಮ ಭಾಷೆಯ ಮಟ್ಟಿಗೆ ತಪ್ಪಿಲ್ಲ. ಆದರೆ ಹೃದಯಾಘಾತದಲ್ಲಿ ಪ್ರತಿ ನಿಮಿಷಕ್ಕೂ ಬೆಲೆಯಿದೆ. ಪದದ ರೂಪಸಾಮ್ಯವೇ ಇಲ್ಲಿ ಮೋಸಮಾಡುತ್ತದೆ. ಪೂರ್ತಿ ಅಪರಿಚಿತವಾದ ಪದವಾಗಿದ್ದರೆ ವೈದ್ಯರು ಇನ್ನೊಮ್ಮೆ ಕೇಳುತ್ತಿದ್ದರು.

2007ರಿಂದ ಬೀದರಿನಲ್ಲಿ ಸರಕಾರಿ ವೈದ್ಯವಿಜ್ಞಾನ ಸಂಸ್ಥೆಯಿದೆ. ರಾಜ್ಯದ ನಾನಾ ಭಾಗಗಳಿಂದ ಬರುವ ವಿದ್ಯಾರ್ಥಿಗಳು ಇಲ್ಲಿ ಮೊದಲ ಬಾರಿಗೆ ಈ ಭಾಷಾಸಂಗಮವನ್ನು ಎದುರಿಸುತ್ತಾರೆ. ಅವರಿಗೆ ಬೇಕಾದದ್ದು ಇನ್ನೊಂದು ಶುದ್ಧ ಪರಿಭಾಷೆಯಲ್ಲ. ಬೇಕಾದದ್ದು ಕನ್ನಡ, ಮರಾಠಿ, ದಖನಿ, ತೆಲುಗುಗಳ ಅಂಗವಾಚಕಗಳನ್ನು ಪಕ್ಕಪಕ್ಕದಲ್ಲಿಟ್ಟು, ಒಂದೇ ರೂಪ ಎಲ್ಲೆಲ್ಲಿ ಬೇರೆ ಅಂಗವನ್ನು ಸೂಚಿಸುತ್ತದೆಂದು ಎಚ್ಚರಿಸುವ ಕಿರು ಪದಕೋಶ. ಕಾಮಾಲೆಯನ್ನು ಇಲ್ಲಿನ ಕನ್ನಡದಲ್ಲಿ ‘ಕಾಮಣಿ’, ಮರಾಠಿಯಲ್ಲಿ ‘ಕಾವೀಳ’, ಉರ್ದುವಿನಲ್ಲಿ ‘ಪೀಲಿಯಾ’ ಎನ್ನುವುದನ್ನೂ ಅದು ಹೇಳಬೇಕು. ಕೈಯಿಟ್ಟು ಜಾಗ ತೋರಿಸುವುದನ್ನು ಮಾತಿನ ಜೊತೆಗೆ ರೂಢಿಸಬೇಕು: ಬಲಗಡೆಯ ಪಕ್ಕೆಲುಬಿನ ಕೆಳಗೆ ಯಕೃತ್ತು, ಎದೆಯ ನಡುವೆ ತುಸು ಎಡಕ್ಕೆ ಹೃದಯ. ಇನ್ನು ಪಠ್ಯದ ಹೆಸರಿನ ವಿಷಯದಲ್ಲಿ, ‘ಯಕೃತ್ತು’ ಎಂಬ ರೂಪಕ್ಕೆ ಆದ್ಯತೆ ಕೊಡುವುದು ಮೇಲೆಂಬುದು ನಮ್ಮ ಅಭಿಪ್ರಾಯ. ಗಡಿಯಾಚೆಯ ಮರಾಠಿ ಪಠ್ಯದಲ್ಲಿಯೂ ಅದೇ ಪದವಿದೆ. ಅಂಗಕ್ಕೆ ಒಂದೇ ಕೆಲಸವನ್ನು ಅದು ಗಂಟುಹಾಕುವುದಿಲ್ಲ. ಓಣಿಯ ಜಿಗರ್ ಅದರ ಒಡಹುಟ್ಟು.

ಅಂಗವಾಚಕಗಳನ್ನು ನಾವು ಸಾಮಾನ್ಯವಾಗಿ ಭಾಷೆಯ ಸ್ಥಿರ ಪದಗಳೆಂದು ಎಣಿಸುತ್ತೇವೆ. ದೇಹ ಎಲ್ಲರಿಗೂ ಒಂದೇ, ಆದ್ದರಿಂದ ಅದರ ಹೆಸರುಗಳೂ ಅಲುಗುವುದಿಲ್ಲವೆಂದು ನಂಬುತ್ತೇವೆ. ಬೀದರ್ ಸೀಮೆಯ ಸಾಕ್ಷ್ಯ ಈ ನಂಬಿಕೆಗೆ ವಿರುದ್ಧವಾಗಿದೆ. ಇಲ್ಲಿ ಪದ ಎಲ್ಲಿ ನಿಲ್ಲಬೇಕೆಂಬುದನ್ನು ಮಾಂಸದಂಗಡಿ ಒಂದು ಬಗೆಯಲ್ಲಿ, ವೈದ್ಯಗ್ರಂಥ ಇನ್ನೊಂದು ಬಗೆಯಲ್ಲಿ, ರಾಜ್ಯದ ಗಡಿ ಮತ್ತೊಂದು ಬಗೆಯಲ್ಲಿ ನಿರ್ಣಯಿಸಿದೆ. ಮೂರು ಭಾಷೆಗಳ ತಾಯಂದಿರು ಮಾತ್ರ ಮಗುವಿಗೆ ಅದೇ ಒಂದು ಮಾತನ್ನು ಹೇಳುತ್ತ ಬಂದಿದ್ದಾರೆ. ನೋವಾದಾಗ ಆ ಮಗು ದೊಡ್ಡವನಾಗಿ ವೈದ್ಯರ ಮುಂದೆ ಬಳಸುವುದೂ ತಾಯಿಯ ಆ ಮಾತನ್ನೇ. ಅದನ್ನು ಸರಿಯಾಗಿ ಕೇಳಿಸಿಕೊಳ್ಳುವುದು ಈ ಸೀಮೆಯ ಭಾಷಾಧ್ಯಯನದ ಹೊಣೆಯೂ ಹೌದು.